ಇಎಂಐ ಎಷ್ಟು ಅಂತ ಕೇಳೋದು ಬಿಡಿ, ಇನ್ನೂ ಎಷ್ಟು ತಿಂಗಳು ಅಂತ ಕೇಳಿ

ಹೋಮ್ ಲೋನ್ ಕೇಳೋಕೆ ಅಂತ ಹೋಗಿ ಕೂತ್ರೆ ಎದುರಿಗಿರೋರು ಮೊದಲು ಕೇಳೋ ಪ್ರಶ್ನೆ "ಸರ್, ತಿಂಗಳಿಗೆ ಎಷ್ಟು ಕಟ್ಟೋಕಾಗತ್ತೆ?" ಅಂತ. ಕೇಳೋಕೆ ಎಷ್ಟು ಕಾಳಜಿಯ ಮಾತು ಅನ್ಸತ್ತೆ ಅಲ್ವಾ, ಆದ್ರೆ ಇಡೀ ಸಾಲದ ಲೆಕ್ಕ ದಾರಿ ತಪ್ಪೋದು ಆ ಒಂದು ಪ್ರಶ್ನೆಯಿಂದಾನೇ. ಯಾಕಂದ್ರೆ ನೀವು ಒಂದು ಅಂಕಿ ಹೇಳಿದ ತಕ್ಷಣ ಅದಕ್ಕೆ ಹೊಂದೋ ಹಾಗೆ ಅವಧಿ ಎಳೀತಾರೆ, 15 ಆಗ್ಲಿಲ್ವಾ 20, 20 ಆಗ್ಲಿಲ್ವಾ 25, ಅದೂ ಆಗ್ಲಿಲ್ವಾ 30, ಒಟ್ನಲ್ಲಿ ಕಂತು ನಿಮ್ಮ ಜೇಬಿಗೆ ಹೊಂದಿದ್ರೆ ಸಾಕು. ನೀವು ಕೊಡ್ತಿರೋದು ದುಡ್ಡಿನ ಜೊತೆ ವರ್ಷಗಳನ್ನ ಕೂಡ ಅನ್ನೋದು ಆ ಟೇಬಲ್ ಹತ್ರ ಯಾರಿಗೂ ನೆನಪಿರಲ್ಲ, ನಂಗೂ ನೆನಪಿರ್ಲಿಲ್ಲ. 240 ಕಂತು ಅಂತ ಸಹಿ ಹಾಕಿ ಬಂದೋನು, ಮೂರು ವರ್ಷ ಒಂದೂ ತಪ್ಪದೆ ಕಟ್ಟಿ ಆಮೇಲೆ ಸುಮ್ನೆ ಕುತೂಹಲಕ್ಕೆ ಸ್ಟೇಟ್‌ಮೆಂಟ್ ತೆಗೆದು ನೋಡಿದ್ರೆ ಬಾಕಿ ತಿಂಗಳು 240ಕ್ಕಿಂತ ಜಾಸ್ತಿ ತೋರಿಸ್ತಿತ್ತು. ಮೊದಲು ಪ್ರಿಂಟ್ ಮಿಸ್ಟೇಕ್ ಅನ್ಕೊಂಡೆ. ಅಲ್ಲ. ಅದು ಹೇಗೆ ಅಂತ ಮುಂದೆ ಹೇಳ್ತೀನಿ.

ಮೊದಲು ಒಂದು ಉದಾಹರಣೆ ಹಿಡ್ಕೊಳೋಣ, ಕೊನೇವರೆಗೂ ಅದನ್ನೇ ಬಳಸ್ತೀನಿ. ಸಾಲ 50 ಲಕ್ಷ, ಬಡ್ಡಿ ವರ್ಷಕ್ಕೆ 8.5 ಪರ್ಸೆಂಟ್, ಅವಧಿ 20 ವರ್ಷ. ಯಾವ ದೇಶದ ದುಡ್ಡು ಅಂತ ತಲೆ ಕೆಡಿಸ್ಕೋಬೇಡಿ, ಬಡ್ಡಿಯ ಗಣಿತಕ್ಕೆ ದೇಶ ಇಲ್ಲ. ಕಂತು ಬರೋದು ತಿಂಗಳಿಗೆ 43,391. 240 ತಿಂಗಳಿಗೆ ಒಟ್ಟು ಕಟ್ಟೋದು ಹತ್ತಿರ ಹತ್ತಿರ 1 ಕೋಟಿ 4 ಲಕ್ಷ. ಅಂದ್ರೆ ಬಡ್ಡಿನೇ 54 ಲಕ್ಷ, ಅಸಲಿಗಿಂತ ಜಾಸ್ತಿ. ಈ ಅಂಕಿ ವಾಟ್ಸಾಪಲ್ಲಿ ಓಡಾಡ್ತಿರತ್ತೆ, "ನೋಡಿ ಒಂದು ಮನೆಗೆ ಎರಡು ಮನೆ ದುಡ್ಡು ಕಟ್ತೀರ" ಅಂತ. ಅದು ಸುಳ್ಳಲ್ಲ, ಆದ್ರೆ ಅರ್ಧ ಮಾತ್ರ ನಿಜ, ಉಳಿದರ್ಧಕ್ಕೆ ಆಮೇಲೆ ಬರ್ತೀನಿ.

ಮೊದಲ ತಿಂಗಳ ಕಂತನ್ನ ಬಿಡಿಸಿ ನೋಡಿ. 43,391ರಲ್ಲಿ 35,417 ಬಡ್ಡಿಗೆ ಹೋಗತ್ತೆ, ಅಸಲಿಗೆ ಜಮೆ ಆಗೋದು 7,974. ಬ್ಯಾಂಕ್ ಮೋಸ ಮಾಡ್ತಿದೆ, ಮೊದಲು ಬಡ್ಡಿ ಎಲ್ಲ ವಸೂಲಿ ಮಾಡ್ಕೊಳತ್ತೆ ಅಂತ ಬಹಳ ಜನ ನಂಬಿರೋದು ಇದನ್ನ ನೋಡೇ. ಹಾಗೇನಿಲ್ಲ. ಪ್ರತಿ ತಿಂಗಳು ಬಾಕಿ ಇರೋ ಅಸಲಿನ ಮೇಲೆ ಆ ತಿಂಗಳ ಬಡ್ಡಿ ಅಷ್ಟೇ, ಮೊದಲ ತಿಂಗಳು ಬಾಕಿ ಪೂರ್ತಿ 50 ಲಕ್ಷ ಇದೆ, ಹಾಗಾಗಿ ಬಡ್ಡಿನೂ ಪೂರ್ತಿ. ಮೋಸ ಇಲ್ಲ ನಿಜ, ಆದ್ರೆ ನಮ್ಮ ಮನಸ್ಸು ಅನ್ಕೊಳೋ ವೇಗಕ್ಕೂ ಸಾಲ ಕರಗೋ ವೇಗಕ್ಕೂ ಭಾರೀ ವ್ಯತ್ಯಾಸ ಇದೆ. 5 ವರ್ಷ ಆದ್ಮೇಲೆ ನೀವು 26 ಲಕ್ಷ ಕಟ್ಟಿರ್ತೀರ, ಅಸಲು ಇಳಿದಿರೋದು 6 ಲಕ್ಷದ ಹತ್ರ, ಬಾಕಿ 44 ಲಕ್ಷ. 10 ವರ್ಷ, ಅಂದ್ರೆ ಅವಧಿಯ ಸರಿ ಅರ್ಧ ಮುಗಿದಾಗ ಬಾಕಿ ಎಷ್ಟಿರತ್ತೆ ಅಂತ ಯಾರನ್ನಾದ್ರೂ ಕೇಳಿ ನೋಡಿ, 25 ಲಕ್ಷ ಅಂತಾರೆ. 35 ಲಕ್ಷ ಇರತ್ತೆ. 25 ಲಕ್ಷಕ್ಕೆ ಇಳಿಯೋದು 13 ವರ್ಷ 10 ತಿಂಗಳಾದ್ಮೇಲೆ.

ಇದರಲ್ಲಿ ಇನ್ನೊಂದು ಸ್ವಾರಸ್ಯ ಇದೆ. 8.5 ಪರ್ಸೆಂಟ್ ಸಾಲದಲ್ಲಿ ಕಂತಿನ ಅರ್ಧಕ್ಕಿಂತ ಹೆಚ್ಚು ಅಸಲಿಗೆ ಹೋಗೋಕೆ ಶುರುವಾಗೋದು ಇನ್ನು 98 ತಿಂಗಳು ಬಾಕಿ ಇದೆ ಅನ್ನೋವಾಗ, ಸಾಲ ಎಷ್ಟೇ ಇರ್ಲಿ, ಅವಧಿ ಎಷ್ಟೇ ಇರ್ಲಿ. 20 ವರ್ಷದ ಸಾಲದಲ್ಲಿ ಆ ದಿನ ಹತ್ತಿರ ಹತ್ತಿರ 12ನೇ ವರ್ಷದ ಕೊನೆಗೆ ಬರತ್ತೆ, 30 ವರ್ಷದ ಸಾಲ ಆದ್ರೆ 22ನೇ ವರ್ಷದ ಕೊನೆಗೆ. ಅಂದ್ರೆ ನೀವು ಅವಧಿಗೆ 10 ವರ್ಷ ಸೇರಿಸಿದ್ರೆ ಆ ಹತ್ತೂ ವರ್ಷ ಹೋಗಿ ಸೇರೋದು ಸಾಲದ ಮೊದಲ ಭಾಗಕ್ಕೆ, ಬಡ್ಡಿ ಜಾಸ್ತಿ ತಿನ್ನೋ ಭಾಗಕ್ಕೆ. ಕೊನೇ 98 ತಿಂಗಳು ಹಾಗೇ ಇರತ್ತೆ.

ಅದೇ 50 ಲಕ್ಷ, ಅದೇ 8.5, ಅವಧಿ 30 ಮಾಡಿ ನೋಡಿ. ಕಂತು 38,446ಕ್ಕೆ ಇಳಿಯತ್ತೆ. ತಿಂಗಳಿಗೆ 5 ಸಾವಿರದ ಹತ್ರ ಉಳೀತು. ಒಟ್ಟು ಬಡ್ಡಿ? 54 ಲಕ್ಷ ಇದ್ದಿದ್ದು 88 ಲಕ್ಷ ಆಗತ್ತೆ. ಈ ಕಡೆ 15 ವರ್ಷಕ್ಕೆ ಇಳಿಸಿದ್ರೆ ಕಂತು 49,237, ಬಡ್ಡಿ 38 ಲಕ್ಷ 60 ಸಾವಿರದ ಸುತ್ತ. ತಿಂಗಳಿಗೆ 6 ಸಾವಿರದ ಹತ್ರ ಜಾಸ್ತಿ ಕಟ್ಟಿದ್ರೆ 5 ವರ್ಷ ಮುಂಚೆ ಬಿಡುಗಡೆ. ಅವಧಿ ಎಳೆದಷ್ಟೂ ಕಂತು ಇಳಿಯೋದು ಕಡಿಮೆ ಕಡಿಮೆ ಆಗ್ತಾ ಹೋಗತ್ತೆ, ಬಡ್ಡಿ ಮಾತ್ರ ಏರ್ತಾನೇ ಇರತ್ತೆ. 15ರಿಂದ 20ಕ್ಕೆ ಬಂದ್ರೆ ಕಂತಲ್ಲಿ 5,800 ಉಳಿಯತ್ತೆ, 20ರಿಂದ 25ಕ್ಕೆ ಹೋದ್ರೆ 3,100, 25ರಿಂದ 30ಕ್ಕೆ ಹೋದ್ರೆ ಬರೀ 1,800. ಆ 1,800 ಉಳಿಸೋಕೆ ಕೊಡ್ತಿರೋದು ಇನ್ನೂ 60 ಕಂತು.

ಈಗ ಆ ವಾಟ್ಸಾಪ್ ಅಂಕಿಗೆ ವಾಪಸ್ ಬರೋಣ. 54 ಲಕ್ಷ ಬಡ್ಡಿ ಅಂತ ಕೂಡಿಸೋವಾಗ ನಾವೊಂದು ತಪ್ಪು ಮಾಡ್ತೀವಿ, ಇವತ್ತಿನ 43,391ನ್ನೂ 20ನೇ ವರ್ಷದ 43,391ನ್ನೂ ಒಂದೇ ಬೆಲೆಯ ನೋಟು ಅನ್ಕೊಂಡು ಕೂಡಿಸ್ತೀವಿ. ಬೆಲೆಗಳು ವರ್ಷಕ್ಕೆ 5 ಪರ್ಸೆಂಟ್ ಏರ್ತಾ ಹೋದ್ರೆ ಕೊನೇ ಕಂತು ಇವತ್ತಿನ ಲೆಕ್ಕದಲ್ಲಿ 16 ಸಾವಿರಕ್ಕೆ ಸಮ. ಎಲ್ಲಾ 240 ಕಂತನ್ನ ಹಾಗೇ ಇವತ್ತಿನ ದುಡ್ಡಿಗೆ ಇಳಿಸಿ ಕೂಡಿಸಿದ್ರೆ 1 ಕೋಟಿ 4 ಲಕ್ಷ ಅಲ್ಲ, 65 ಲಕ್ಷ 75 ಸಾವಿರ ಬರತ್ತೆ. ಅಂದ್ರೆ 50 ಲಕ್ಷ ಸಾಲದ ನಿಜವಾದ ಖರ್ಚು 16 ಲಕ್ಷದ ಹತ್ರ. 30 ವರ್ಷದ ಸಾಲಕ್ಕೆ ಅದೇ ಲೆಕ್ಕ ಹಾಕಿದ್ರೆ 71 ಲಕ್ಷ 60 ಸಾವಿರ. 20ಕ್ಕೂ 30ಕ್ಕೂ 34 ಲಕ್ಷ ವ್ಯತ್ಯಾಸ ಕಾಣ್ತಿತ್ತಲ್ಲ, ಅದು ಇವತ್ತಿನ ದುಡ್ಡಲ್ಲಿ 6 ಲಕ್ಷಕ್ಕೆ ಬಂದು ನಿಲ್ತು. ಸಾಲ ಬೇಗ ತೀರಿಸಿ ಅಂತ ಬುದ್ಧಿ ಹೇಳೋರು ಈ ಲೆಕ್ಕ ಹೇಳಲ್ಲ, ಸಾಲ ಎಳೀರಿ ಆ ದುಡ್ಡು ಮಾರ್ಕೆಟ್ಟಲ್ಲಿ ಹಾಕಿ ಅನ್ನೋರು ಇದನ್ನ ಬಿಟ್ಟು ಬೇರೇನೂ ಹೇಳಲ್ಲ.

ಹಾಗಾದ್ರೆ 30 ವರ್ಷನೇ ಒಳ್ಳೇದಾ? ನನ್ ಪ್ರಕಾರ ಅಲ್ಲ, ಎರಡು ಕಾರಣಕ್ಕೆ. ಈ ಹಣದುಬ್ಬರದ ಸಮಾಧಾನ ನಿಮಗೆ ಸಿಗಬೇಕಾದ್ರೆ ನಿಮ್ಮ ಸಂಬಳನೂ ವರ್ಷಕ್ಕೆ ಅಷ್ಟೇ ಏರ್ತಿರಬೇಕು, ತರಕಾರಿ ರೇಟು ಏರಿ ಸಂಬಳ ನಿಂತಲ್ಲೇ ನಿಂತ್ರೆ ಹಣದುಬ್ಬರ ನಿಮ್ಮ ಸಾಲ ಕರಗಿಸಲ್ಲ, ನಿಮ್ಮನ್ನೇ ಕರಗಿಸತ್ತೆ. ಇನ್ನೊಂದು, 30 ವರ್ಷದ ಸಾಲವನ್ನ 30 ವರ್ಷ ಇಟ್ಕೊಳೋರು ಎಷ್ಟು ಜನ? ಊರು ಬದಲಾಗತ್ತೆ, ಕೆಲಸ ಬದಲಾಗತ್ತೆ, ಮನೆ ಮಾರ್ತಾರೆ. 10ನೇ ವರ್ಷಕ್ಕೆ ಮಾರಬೇಕಾಗಿ ಬಂತು ಅನ್ನಿ, 20 ವರ್ಷದ ಸಾಲದಲ್ಲಿ ಬಾಕಿ 35 ಲಕ್ಷ, 30 ವರ್ಷದ್ರಲ್ಲಿ 44 ಲಕ್ಷ 30 ಸಾವಿರ. ಅಷ್ಟೂ ವರ್ಷ ಕಮ್ಮಿ ಕಂತು ಕಟ್ಟಿ ಉಳಿಸಿದ್ದು 6 ಲಕ್ಷ, ಈಗ ಜಾಸ್ತಿ ಚುಕ್ತಾ ಮಾಡಬೇಕಿರೋದು 9 ಲಕ್ಷಕ್ಕಿಂತ ಮೇಲೆ. ಮನೆ ಬೆಲೆ ಏರಿದ್ರೆ ಇದು ಗೊತ್ತೇ ಆಗಲ್ಲ, ಇಳಿದಿದ್ರೆ ಚೆನ್ನಾಗಿ ಗೊತ್ತಾಗತ್ತೆ.

ಸರಿ, ನನ್ನ ಸ್ಟೇಟ್‌ಮೆಂಟ್ ಕಥೆ. ಇಲ್ಲಿವರೆಗಿನ ಲೆಕ್ಕ ಎಲ್ಲ ಬಡ್ಡಿ ದರ 20 ವರ್ಷ ಅಲ್ಲಾಡದೆ ಕೂತಿರತ್ತೆ ಅನ್ನೋ ಊಹೆ ಮೇಲೆ ನಿಂತಿದೆ. ಅಮೆರಿಕದಲ್ಲಿ ಅದು ನಿಜವೇ, ಅಲ್ಲಿ 30 ವರ್ಷ ಫಿಕ್ಸೆಡ್ ಅನ್ನೋದು ಮಾಮೂಲಿ, 2021ರ ಜನವರಿಯಲ್ಲಿ ಅಲ್ಲಿನ ಸರಾಸರಿ ದರ 2.65ಕ್ಕೆ ಇಳಿದಿತ್ತು, ಆಗ ಸಾಲ ತಗೊಂಡೋರಿಗೆ 2023ರ ಅಕ್ಟೋಬರಲ್ಲಿ ದರ 7.79 ಮುಟ್ಟಿದಾಗ್ಲೂ ಒಂದು ಪೈಸೆ ಏರ್ಲಿಲ್ಲ, ಆದ್ರೆ ಅವರಲ್ಲಿ ಬಹಳ ಜನ ಮನೆ ಬಿಟ್ಟು ಬೇರೆ ಕಡೆ ಹೋಗೋಕೂ ಆಗದೆ ಕೂತ್ರು, ಹೊಸ ಮನೆ ಅಂದ್ರೆ ಹೊಸ ದರ ಅಲ್ವಾ. ಬ್ರಿಟನ್ನಲ್ಲಿ ಸಾಮಾನ್ಯವಾಗಿ ಎರಡು ವರ್ಷ ಇಲ್ಲಾ ಐದು ವರ್ಷಕ್ಕಷ್ಟೇ ಫಿಕ್ಸ್, ಆಮೇಲೆ ಹೊಸ ಡೀಲ್ ಹುಡುಕ್ಕೋಬೇಕು, ಸುಮ್ನಿದ್ರೆ ಬ್ಯಾಂಕಿನ ದುಬಾರಿ ದರಕ್ಕೆ ಜಾರ್ತೀರ. ಅಲ್ಲಿ 2021ರ ಡಿಸೆಂಬರ್ ಮಧ್ಯದವರೆಗೆ 0.1 ಇದ್ದ ಬ್ಯಾಂಕ್ ರೇಟು (ಅಲ್ಲಿನ ಕೇಂದ್ರ ಬ್ಯಾಂಕಿನ ದರ) 2023ರ ಆಗಸ್ಟಿಗೆ 5.25 ಆಗಿತ್ತು, ಆ ನಡುವೆ ಡೀಲ್ ಮುಗಿದೋರ ಪಾಡು ಯೋಚನೆ ಮಾಡಿ. ಭಾರತದಲ್ಲಿ ಹೆಚ್ಚಿನ ಹೋಮ್ ಲೋನ್ ಫ್ಲೋಟಿಂಗ್, ಅಂದ್ರೆ ದರ ನಡುವೆ ಏರಿಳಿಯತ್ತೆ. 2019ರ ಅಕ್ಟೋಬರಿಂದ ಬ್ಯಾಂಕುಗಳು ಹೊಸ ಫ್ಲೋಟಿಂಗ್ ಸಾಲವನ್ನ ರೆಪೋ (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡೋ ದರ) ತರದ ಹೊರಗಿನ ಅಳತೆಗೋಲಿಗೇ ಕಟ್ಟಬೇಕು ಅಂತ ಆಯ್ತು. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೋ 4ರಿಂದ 6.5ಕ್ಕೆ ಹೋಯ್ತು, ಒಟ್ಟು ಎರಡೂವರೆ ಪರ್ಸೆಂಟ್, ಹತ್ತು ತಿಂಗಳೂ ಪೂರ್ತಿ ಆಗೋದ್ರೊಳಗೆ.

ಎರಡೂವರೆ ಪರ್ಸೆಂಟ್ ತಾನೇ, ಏನಾಗತ್ತೆ? 50 ಲಕ್ಷ, 7 ಪರ್ಸೆಂಟ್, 20 ವರ್ಷ ಅಂತ ಸಾಲ ತಗೊಂಡೋರ ಕಂತು 38,765. ಒಂದು ವರ್ಷ ಕಟ್ಟಿದ್ಮೇಲೆ ಬಾಕಿ 48 ಲಕ್ಷ 81 ಸಾವಿರ, ಬಾಕಿ ತಿಂಗಳು 228. ಈಗ ದರ ಏರ್ತು, ಆದ್ರೆ ಕಂತು ಅಷ್ಟೇ ಇರ್ಲಿ ಅಂತ ಬಿಟ್ರು. 8.5 ಆದ್ರೆ 228 ತಿಂಗಳು 315 ಆಗತ್ತೆ. 9 ಆದ್ರೆ 387. 9.5 ಆದ್ರೆ ತಿಂಗಳ ಬಡ್ಡಿನೇ 38,642, ಕಂತು 38,765, ಅಸಲಿಗೆ ಹೋಗೋದು 120 ಚಿಲ್ಲರೆ. ಆ ವೇಗದಲ್ಲಿ ಸಾಲ ತೀರೋಕೆ 729 ತಿಂಗಳು ಬೇಕು. ಅರವತ್ತು ವರ್ಷ. ಮೊದಲ ಒಂದೂವರೆ ಪರ್ಸೆಂಟ್ ಏಳು ವರ್ಷ ಸೇರಿಸ್ತು, ಆಮೇಲಿನ ಒಂದೇ ಪರ್ಸೆಂಟ್ 34 ವರ್ಷ ಸೇರಿಸ್ತು, ಏರಿಕೆ ಸಮ ಸಮ ಅಲ್ಲ, ಬಡ್ಡಿ ಕಂತಿನ ಹತ್ರ ಹತ್ರ ಬರ್ತಿದ್ದ ಹಾಗೆ ಅವಧಿ ರಬ್ಬರ್ ಬ್ಯಾಂಡ್ ಥರ ಎಳ್ಕೊಂಡು ಹೋಗತ್ತೆ. ಇನ್ನೊಂದು ಚೂರು ಏರಿದ್ರೆ ಕಂತು ಬಡ್ಡಿಗೇ ಸಾಲಲ್ಲ, ನೀವು ಪ್ರತಿ ತಿಂಗಳು ಕಟ್ತಾನೇ ಇದ್ರೂ ಸಾಲ ಬೆಳೀತಾ ಹೋಗತ್ತೆ. ಕೆನಡಾದಲ್ಲಿ 2022, 2023ರಲ್ಲಿ ಇದೇ ಆಗಿದ್ದು, ದರ ಬದಲಾದ್ರೂ ಕಂತು ಬದಲಾಗದ ವೇರಿಯಬಲ್ ಸಾಲ ತಗೊಂಡಿದ್ದ ಕೆಲವರ ಕಂತು ಬಡ್ಡಿಗೂ ಸಾಲದೆ ಉಳಿದ ಬಡ್ಡಿ ಅಸಲಿಗೆ ಸೇರ್ಕೊಂಡು ಹೋಯ್ತು.

ನನ್ನ ವಿಷಯದಲ್ಲಿ ಅಷ್ಟು ದೂರ ಹೋಗಿರ್ಲಿಲ್ಲ, ಆದ್ರೆ ನಡೆದಿದ್ದು ಇದೇ. ಒಂದು ಎಸ್ಸೆಮ್ಮೆಸ್ ಬಂದಿತ್ತು, ದರ ಬದಲಾಗಿದೆ ಅಂತ, ಕಂತು ಅಷ್ಟೇ ಇತ್ತಲ್ಲ ಅಂತ ನಾನು ತಲೆ ಕೆಡಿಸ್ಕೊಳ್ಳಲಿಲ್ಲ. ಕಂತು ಏರಿದ್ರೆ ಆ ತಿಂಗಳೇ ನೋವಾಗತ್ತೆ, ಅವಧಿ ಏರಿದ್ರೆ ಗೊತ್ತೇ ಆಗಲ್ಲ, ಅದಕ್ಕೇ ಸಾಲ ಕೊಡೋರಿಗೂ ತಗೊಂಡೋರಿಗೂ ಅವಧಿ ಏರಿಸೋದೇ ಸುಲಭದ ದಾರಿ. ರಿಸರ್ವ್ ಬ್ಯಾಂಕ್ 2023ರ ಆಗಸ್ಟಲ್ಲಿ ಒಂದು ಸುತ್ತೋಲೆ ಹೊರಡಿಸ್ತು, ದರ ಏರಿದಾಗ ಕಂತು ಏರಿಸ್ಬೇಕಾ, ಅವಧಿ ಏರಿಸ್ಬೇಕಾ, ಎರಡೂ ಸ್ವಲ್ಪ ಸ್ವಲ್ಪನಾ ಅಂತ ಗ್ರಾಹಕರನ್ನ ಕೇಳಬೇಕು, ಫಿಕ್ಸೆಡ್‌ಗೆ ಬದಲಾಯಿಸ್ಕೊಳೋ ಆಯ್ಕೆ ಕೊಡಬೇಕು (ಇದೊಂದು 2025ರ ಅಕ್ಟೋಬರಿಂದ ಕಡ್ಡಾಯ ಅಲ್ಲ), ಅವಧಿ ಎಳೆದು ಸಾಲ ಬೆಳೆಯೋ ಸ್ಥಿತಿಗೆ ತರಬಾರದು ಅಂತ. ನಿಯಮ ಒಳ್ಳೇದೇ. ಆದ್ರೆ ಆಯ್ಕೆ ಕೇಳಿ ಬರೋ ಮೆಸೇಜನ್ನ ನೀವು ಓದದೆ ಬಿಟ್ರೆ ನಿಯಮ ಏನ್ ಮಾಡತ್ತೆ.

ಉಲ್ಟಾ ಕಡೆಯಿಂದನೂ ಇದೇ ಆಟ. 2025ರಲ್ಲಿ ರೆಪೋ ನಾಲ್ಕು ಸಲ ಇಳಿದು 6.5ರಿಂದ 5.25ಕ್ಕೆ ಬಂತು, ತಕ್ಷಣ ಎಲ್ಲರ ಪ್ರಶ್ನೆ "ಕಂತು ಕಮ್ಮಿ ಮಾಡಿಸ್ಕೊಳ್ಳಾ?" ಅಂತ. ಏರಿದಾಗ ಅವಧಿ ಎಳ್ಕೊಂಡು, ಇಳಿದಾಗ ಕಂತು ಇಳಿಸ್ಕೊಂಡ್ರೆ ಎರಡೂ ಕಡೆ ಸೋತ ಹಾಗೆ, ಎಳೆದ ತಿಂಗಳು ಹಾಗೇ ಉಳ್ಕೊಳತ್ತೆ. ಕಟ್ಟೋಕೆ ಕಷ್ಟ ಇಲ್ಲದಿದ್ರೆ ಇಳಿದಾಗ ಕಂತು ಮುಟ್ಟಬೇಡಿ, ತಿಂಗಳು ತಾನಾಗೇ ಉದುರತ್ತೆ. ಕಷ್ಟ ಇದ್ರೆ ಇಳಿಸ್ಕೊಳ್ಳಿ, ಅದು ಬೇರೆ ಮಾತು, ಮನೆ ನಡೀಬೇಕಲ್ಲ.

ಇನ್ನು ಸಾಲ ಬೇರೆ ಬ್ಯಾಂಕಿಗೆ ವರ್ಗಾಯಿಸೋದು, ಬ್ಯಾಲೆನ್ಸ್ ಟ್ರಾನ್ಸ್‌ಫರ್. ಇದ್ರಷ್ಟು ಚೆಂದವಾಗಿ ಲೆಕ್ಕ ಮರೆಸೋದು ಬೇರೆ ಇಲ್ಲ. ನಮ್ಮ ಮೊದಲ ಉದಾಹರಣೆಗೇ ಬನ್ನಿ, 8.5ರ ಸಾಲ 7 ವರ್ಷ ಕಟ್ಟಾಗಿದೆ, ಬಾಕಿ 40 ಲಕ್ಷ 89 ಸಾವಿರ, ಇನ್ನು 13 ವರ್ಷ. ಹಾಗೇ ಕಟ್ಕೊಂಡು ಹೋದ್ರೆ ಮುಂದೆ ಕಟ್ಟಬೇಕಿರೋ ಬಡ್ಡಿ 26 ಲಕ್ಷ 80 ಸಾವಿರ. ಇನ್ನೊಬ್ರು ಬಂದು 7.75ಕ್ಕೆ ಕೊಡ್ತೀವಿ, ಕಂತು 43,391ರಿಂದ 33,569ಕ್ಕೆ ಇಳಿಯತ್ತೆ ಅಂತಾರೆ. ಹತ್ತು ಸಾವಿರದ ಹತ್ರ ಉಳಿತಾಯ! ಸಣ್ಣಕ್ಷರದಲ್ಲಿ ಏನಿರತ್ತೆ ಅಂದ್ರೆ ಅವಧಿ ಮತ್ತೆ 20 ವರ್ಷ. ಆಗ ಬಡ್ಡಿ 39 ಲಕ್ಷ 70 ಸಾವಿರ, ಅಂದ್ರೆ ದರ ಕಮ್ಮಿ ಆಗಿ ಬಡ್ಡಿ 13 ಲಕ್ಷ ಜಾಸ್ತಿ. ಅದೇ 7.75ಕ್ಕೆ ಹೋಗಿ 13 ವರ್ಷನೇ ಇಟ್ಕೊಂಡ್ರೆ ಕಂತು 41,700ರ ಹತ್ರ, ಬಡ್ಡಿ 24 ಲಕ್ಷ ಚಿಲ್ಲರೆ, ನಿಜವಾದ ಉಳಿತಾಯ 2 ಲಕ್ಷ 70 ಸಾವಿರ, ಅದರಲ್ಲಿ ಪ್ರೊಸೆಸಿಂಗ್ ಫೀಸು, ಲಾಯರ್ ಫೀಸು, ಹೊಸ ಅಡಮಾನದ ಖರ್ಚು ಕಳೀರಿ. ಉಳಿದದ್ದು ಲಾಭ. ನಿಮ್ಮ ಬ್ಯಾಂಕೇ ಹೊಸ ಗಿರಾಕಿಗಳಿಗೆ ಕಮ್ಮಿ ದರ ಕೊಡ್ತಾ ಹಳಬರನ್ನ ಹಳೇ ದರದಲ್ಲೇ ಕೂರಿಸಿರೋದು ಬಹಳ ಕಡೆ ಇದೆ, ಹಾಗಾಗಿ ಬೇರೆ ಕಡೆ ಹೋಗೋ ಮೊದಲು ಇರೋ ಕಡೆನೇ ಒಂದ್ಸಲ ಬರೆದು ಕೇಳಿ, ಬಿಟ್ಟು ಹೋಗ್ತಾರೆ ಅಂತ ಗೊತ್ತಾದ್ರೆ ಬಹಳ ಸಲ ದರ ಇಳಿಯತ್ತೆ.

ದರ ಅಂತ ತೋರಿಸೋ ಅಂಕಿನೂ ನಂಬೋ ಹಾಗಿಲ್ಲ. ಫ್ಲಾಟ್ ರೇಟ್ 5 ಪರ್ಸೆಂಟ್ ಅಂತ ಯಾರಾದ್ರೂ ಹೇಳಿದ್ರೆ, 50 ಲಕ್ಷಕ್ಕೆ 20 ವರ್ಷ ಪೂರ್ತಿ 5 ಪರ್ಸೆಂಟ್ ಹಾಕಿ 240ರಿಂದ ಭಾಗಿಸ್ತಾರೆ, ಕಂತು 41,667. ಅದು ನಾವು ಮಾಮೂಲಿ ಹೇಳೋ 8 ಪರ್ಸೆಂಟಿಗೆ ಹತ್ರ ಹತ್ರ ಸಮ, ಯಾಕಂದ್ರೆ ನೀವು ತೀರಿಸಿದ ಅಸಲಿಗೂ ಕೊನೇವರೆಗೆ ಬಡ್ಡಿ ಕಟ್ತಿರ್ತೀರ. ಈ ತರ ಆಟಗಳಿಗೆ ಕಡಿವಾಣ ಹಾಕೋಕೇ ಅಮೆರಿಕದಲ್ಲಿ 1968ರಲ್ಲಿ ಟ್ರೂತ್ ಇನ್ ಲೆಂಡಿಂಗ್ ಕಾನೂನು ಬಂದಿದ್ದು, ಫೀಸು ಬಡ್ಡಿ ಎಲ್ಲ ಸೇರಿಸಿ ಎಪಿಆರ್ ಅಂತ ಒಂದೇ ವಾರ್ಷಿಕ ದರ ಹೇಳಬೇಕು ಅಂತ. 2015ರ ಅಕ್ಟೋಬರಿಂದ ಅಲ್ಲಿ ಕೊಡೋ ಲೋನ್ ಎಸ್ಟಿಮೇಟ್ ಹಾಳೆಯಲ್ಲಿ ನಂಗೆ ತುಂಬಾ ಇಷ್ಟವಾಗೋ ಒಂದು ಸಾಲಿದೆ, "5 ವರ್ಷದಲ್ಲಿ ನೀವು ಒಟ್ಟು ಇಷ್ಟು ಕಟ್ಟಿರ್ತೀರ, ಅದರಲ್ಲಿ ಅಸಲು ತೀರಿರೋದು ಇಷ್ಟು" ಅನ್ನೋ ಅರ್ಥದ್ದು. ಎರಡೇ ಅಂಕಿ, ಮೇಲೆ ನಾನು ಇಷ್ಟುದ್ದ ಬರೆದಿದ್ದೆಲ್ಲ ಅದರಲ್ಲಿದೆ. ಭಾರತದಲ್ಲೂ 2024ರ ಅಕ್ಟೋಬರ್ 1ರಿಂದ ಹೊಸ ರೀಟೇಲ್ ಸಾಲಕ್ಕೆ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಕೊಡಬೇಕು, ಅದರಲ್ಲಿ ಎಪಿಆರ್ ಇರಬೇಕು, ಅಲ್ಲಿ ಬರೆಯದ ಫೀಸನ್ನ ಆಮೇಲೆ ನಿಮ್ಮ ಒಪ್ಪಿಗೆ ಇಲ್ಲದೆ ಹಾಕೋ ಹಾಗಿಲ್ಲ. ಸಹಿ ಹಾಕೋ ನಲವತ್ತು ಪೇಜಲ್ಲಿ ಪೂರ್ತಿ ಓದಬೇಕಾದ ಒಂದು ಪೇಜ್ ಇದ್ರೆ ಅದು ಇದು.

ಎಪಿಆರ್ ಒಳಗೂ ಸರಿಯಾಗಿ ಕಣ್ಣಿಗೆ ಬೀಳದ ಕೆಲವು ಖರ್ಚಿವೆ. ಸಾಲದ ಜೊತೆ ಇನ್ಶೂರೆನ್ಸ್ ತಗೋಳಿ ಅಂತಾರೆ, ಪ್ರೀಮಿಯಂ ಒಂದೂವರೆ ಲಕ್ಷ ಅನ್ನಿ, ಕೈಯಿಂದ ಕೊಡೋದು ಬೇಡ ಸರ್ ಸಾಲಕ್ಕೇ ಸೇರಿಸ್ತೀವಿ ಅಂತಾರೆ. ಸೇರಿಸಿದ್ರೆ 8.5ರಲ್ಲಿ 20 ವರ್ಷಕ್ಕೆ ಅದು 3 ಲಕ್ಷ 12 ಸಾವಿರ. ಮನೆಯಲ್ಲಿ ದುಡಿಯೋರು ಒಬ್ರೇ ಆಗಿದ್ರೆ ವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ, ಆದ್ರೆ ಟರ್ಮ್ ಪಾಲಿಸಿ ಬೇರೆ ಕಡೆ ತಗೊಂಡು ವರ್ಷ ವರ್ಷ ಕಟ್ಟೋದಕ್ಕೂ ವಿಮೆಗೆ 20 ವರ್ಷ ಬಡ್ಡಿ ಕಟ್ಟೋದಕ್ಕೂ ಎಷ್ಟು ಅಂತರ ಅಂತ ಹೋಲಿಸಿ ನೋಡಿ. ಅಮೆರಿಕದಲ್ಲಿ ಕಮ್ಮಿ ಡೌನ್ ಪೇಮೆಂಟ್ ಕೊಟ್ಟೋರ ಮೇಲೆ ಹಾಕೋ ಮಾರ್ಟ್‌ಗೇಜ್ ಇನ್ಶೂರೆನ್ಸ್ ಅಂತೂ ನಿಮ್ಮ ದುಡ್ಡಲ್ಲಿ ಬ್ಯಾಂಕನ್ನ ಕಾಯೋ ವಿಮೆ. 1998ರ ಕಾನೂನಿನ ಪ್ರಕಾರ ಶೆಡ್ಯೂಲ್ ಲೆಕ್ಕದಲ್ಲಿ ಸಾಲ ಮನೆಯ ಮೂಲ ಬೆಲೆಯ 78 ಪರ್ಸೆಂಟಿಗೆ ಇಳಿದಾಗ ಅದು ತಾನಾಗೇ ನಿಲ್ಲತ್ತೆ, 80ಕ್ಕೆ ಬಂದಾಗ್ಲೇ ನೀವೇ ಅರ್ಜಿ ಹಾಕಿ ನಿಲ್ಲಿಸಬಹುದು. ಕೇಳದೋರು ಆ ಎರಡು ಪರ್ಸೆಂಟ್ ಇಳಿಯೋವರೆಗೂ ಕಟ್ತಾರೆ.

ಕಟ್ಟಡ ಮುಗಿಯೋ ಮೊದಲು ಕಟ್ಟೋ ಪ್ರಿ ಇಎಂಐ ಇನ್ನೂ ಕೆಟ್ಟದ್ದು. ಸಾಲ ಪೂರ್ತಿ ಬಿಡುಗಡೆ ಆಗಿ ಮನೆ ಕೈಗೆ ಬರೋದು ಎರಡು ವರ್ಷ ತಡ ಆಯ್ತು ಅಂದ್ರೆ ತಿಂಗಳಿಗೆ 35,417ರ ಹಾಗೆ 8 ಲಕ್ಷ 50 ಸಾವಿರ, ಅಸಲಿಗೆ ಒಂದು ಪೈಸೆ ಇಳಿದಿರಲ್ಲ, ಜೊತೆಗೆ ಇರೋ ಮನೆಗೆ ಬಾಡಿಗೆ ಬೇರೆ. 240 ತಿಂಗಳ ಎಣಿಕೆ ಆ ಎರಡು ವರ್ಷ ಶುರುನೇ ಆಗಿರಲ್ಲ.

ಟ್ಯಾಕ್ಸ್ ಉಳಿಯತ್ತಲ್ಲ ಅಂತ ಒಂದು ವಾದ ಇದೆ. ಬಡ್ಡಿಗೆ 100 ಕೊಟ್ಟು ಟ್ಯಾಕ್ಸಲ್ಲಿ 30 ಉಳಿಸೋದು 70 ಕಳ್ಕೊಳೋದೇ, ಅದು ಖರ್ಚಿನ ಮೇಲಿನ ಡಿಸ್ಕೌಂಟ್, ಗಳಿಕೆ ಅಲ್ಲ. ಅಲ್ಲದೆ ಈ ರಿಯಾಯ್ತಿ ನಿಮ್ಮ ಸಾಲದಷ್ಟು ದೀರ್ಘಾಯುಷಿ ಅಲ್ಲ. ಬ್ರಿಟನ್ 2000ದ ಏಪ್ರಿಲಲ್ಲಿ ಇಂಥ ರಿಯಾಯ್ತಿಯನ್ನ ಪೂರ್ತಿ ತೆಗೆದೇ ಹಾಕ್ತು, ಭಾರತದ ಹೊಸ ಟ್ಯಾಕ್ಸ್ ಪದ್ಧತಿಯಲ್ಲಿ ಸ್ವಂತ ವಾಸದ ಮನೆ ಬಡ್ಡಿಗೆ ವಿನಾಯಿತಿ ಇಲ್ಲ. 20 ವರ್ಷದ ನಿರ್ಧಾರವನ್ನ ಈ ವರ್ಷದ ಬಜೆಟ್ ಮೇಲೆ ಕಟ್ಟಬೇಡಿ ಅಂತಷ್ಟೇ ನಾನು ಹೇಳೋದು.

ಬೇರೆ ದೇಶದ ಕರೆನ್ಸಿಯಲ್ಲಿ ಅಗ್ಗದ ಬಡ್ಡಿ ಸಿಗತ್ತೆ ಅಂತ ಸಾಲ ಮಾಡೋ ಪ್ರಸಂಗ ಎಲ್ಲರಿಗೂ ಬರಲ್ಲ, ಆದ್ರೂ ಒಂದ್ ಮಾತು. ಪೋಲೆಂಡಲ್ಲಿ ಲಕ್ಷಾಂತರ ಜನ ಸ್ವಿಸ್ ಫ್ರಾಂಕ್ ಲೆಕ್ಕದಲ್ಲಿ ಮನೆ ಸಾಲ ತಗೊಂಡಿದ್ರು, 2015ರ ಜನವರಿ 15ಕ್ಕೆ ಸ್ವಿಸ್ ಕೇಂದ್ರ ಬ್ಯಾಂಕು ಫ್ರಾಂಕಿನ ಬೆಲೆ ಏರದ ಹಾಗೆ ಹಾಕಿದ್ದ ಮಿತಿ ತೆಗೆದು ಹಾಕಿದ ದಿನ ಅವರ ಸಾಲ ಒಂದೇ ದಿನದಲ್ಲಿ ಉಬ್ಬಿತು. ಬಡ್ಡಿ ಕಮ್ಮಿ ಇತ್ತು ನಿಜ. ಅಸಲು ಏರ್ತು.

ಈಗ ಎಲ್ಲರೂ ಕೇಳೋದು, ಕೈಯಲ್ಲಿ ದುಡ್ಡಿದ್ರೆ ಸಾಲಕ್ಕೆ ಹಾಕೋದಾ ಬೇಡ್ವಾ. 8.5ರ ಸಾಲದಲ್ಲಿ ಮೊದಲಿಂದಲೇ ತಿಂಗಳಿಗೆ 5 ಸಾವಿರ ಜಾಸ್ತಿ ಕಟ್ಟಿದ್ರೆ 240 ತಿಂಗಳು 187ಕ್ಕೆ ಇಳಿಯತ್ತೆ, ಬಡ್ಡಿಯಲ್ಲಿ 14 ಲಕ್ಷದ ಹತ್ರ ಉಳಿಯತ್ತೆ. ಒಂದೇ ಲಕ್ಷವನ್ನ ಮೊದಲ ವರ್ಷದ ಕೊನೆಗೆ ಕಟ್ಟಿದ್ರೆ 11 ಕಂತು ಮಾಯ, ಆ ಲಕ್ಷ ಕಳೆದು 3 ಲಕ್ಷ 80 ಸಾವಿರ ಉಳಿತಾಯ, ಅದೇ ಲಕ್ಷ 15ನೇ ವರ್ಷದ ಕೊನೆಗೆ ಕಟ್ಟಿದ್ರೆ ಮೂರೂವರೆ ಕಂತು, ಉಳಿತಾಯ 50 ಸಾವಿರ. ನೋಡಿ ಎಷ್ಟು ವ್ಯತ್ಯಾಸ ಅಂತ ಎಲ್ಲರೂ ಇಲ್ಲಿಗೆ ನಿಲ್ಲಿಸ್ತಾರೆ. ಆದ್ರೆ ಎರಡೂ ಸಲ ನಿಮ್ಮ ಲಕ್ಷ ದುಡಿದಿದ್ದು ಅದೇ 8.5 ಪರ್ಸೆಂಟೇ, ಮೊದಲನೇ ಲಕ್ಷಕ್ಕೆ ಹೆಚ್ಚು ವರ್ಷ ಸಿಕ್ತು ಅಷ್ಟೆ. ಪ್ರಶ್ನೆ ಯಾವತ್ತೂ ಇಷ್ಟೇ, ಟ್ಯಾಕ್ಸ್ ಕಳೆದು, ರಿಸ್ಕ್ ಇಲ್ಲದೆ, ಇದಕ್ಕಿಂತ ಜಾಸ್ತಿ ಬೇರೆಲ್ಲಿ ಸಿಗತ್ತೆ? ಎಫ್‌ಡಿಯಲ್ಲಿ ಸಿಗೋದು ಕಷ್ಟ. ಷೇರಲ್ಲಿ ಸಿಗಬಹುದು, ಸಿಗದೇನೂ ಇರಬಹುದು. ನಂದೊಂದೇ ಷರತ್ತು, ಆರು ತಿಂಗಳ ಮನೆ ಖರ್ಚಿನ ದುಡ್ಡು ಕೈಯಲ್ಲಿ ಇಟ್ಕೊಂಡೇ ಸಾಲಕ್ಕೆ ಹಾಕಿ, ಯಾಕಂದ್ರೆ ಸಾಲಕ್ಕೆ ಹಾಕಿದ ದುಡ್ಡು ವಾಪಸ್ ಕೇಳಿದ್ರೆ ಬರಲ್ಲ. ಅದಕ್ಕೇ ಆಸ್ಟ್ರೇಲಿಯಾದಲ್ಲಿ ಆಫ್‌ಸೆಟ್ ಅಕೌಂಟ್, ಭಾರತದಲ್ಲಿ ಓವರ್‌ಡ್ರಾಫ್ಟ್ ಹೋಮ್ ಲೋನ್ ಅಂತ ಇರೋದು, ಆ ಖಾತೆಯಲ್ಲಿ ದುಡ್ಡಿದ್ದಷ್ಟು ದಿನ ಅಷ್ಟು ಅಸಲಿಗೆ ಬಡ್ಡಿ ಇಲ್ಲ, ಬೇಕಾದ ದಿನ ತಕ್ಕೊಳ್ಳಿ. ದರ ಒಂಚೂರು ಜಾಸ್ತಿ ಇರತ್ತೆ, ಖಾತೆಯಲ್ಲಿ ಯಾವಾಗ್ಲೂ ದುಡ್ಡು ಇಡೋರಿಗೆ ಮಾತ್ರ ಲಾಭ, ಇಲ್ಲದೋರಿಗೆ ಸುಮ್ನೆ ದುಬಾರಿ ಸಾಲ.

ಮುಂಚೆ ಕಟ್ಟೋದಕ್ಕೆ ದಂಡ ಇದೆಯಾ ಅಂತನೂ ಸಹಿಗೆ ಮೊದಲೇ ನೋಡಬೇಕು. ಭಾರತದಲ್ಲಿ ವ್ಯಕ್ತಿಗಳ ಫ್ಲೋಟಿಂಗ್ ಹೋಮ್ ಲೋನಿಗೆ ಬ್ಯಾಂಕುಗಳು ಆ ದಂಡ ಹಾಕಬಾರದು ಅಂತ 2012ರಲ್ಲೇ ಆಗಿದೆ, ಬ್ರಿಟನ್, ಕೆನಡಾದಲ್ಲಿ ಫಿಕ್ಸ್ ಅವಧಿಯೊಳಗೆ ಒಂದು ಮಿತಿ ಮೀರಿ ಕಟ್ಟಿದ್ರೆ ದಂಡ ಸಾಮಾನ್ಯ. ಮತ್ತೆ ದುಡ್ಡು ಕಟ್ಟೋವಾಗ "ಕಂತು ಹಾಗೇ ಇರ್ಲಿ, ಅವಧಿ ಕಮ್ಮಿ ಮಾಡಿ" ಅಂತ ಬರೆದು ಕೊಡಿ. ಬಾಯಲ್ಲಿ ಹೇಳಿದ್ದಕ್ಕೆ ಲೆಕ್ಕ ಇಲ್ಲ, ನಾನು ಒಂದ್ಸಲ ಹೇಳಿ ಬಂದು ಮುಂದಿನ ತಿಂಗಳು ನೋಡಿದ್ರೆ ಕಂತು ಇಳಿಸಿ ತಿಂಗಳು ಹಾಗೇ ಬಿಟ್ಟಿದ್ರು, ಸರಿ ಮಾಡಿಸೋಕೆ ಮೂರು ಸಲ ಓಡಾಡಿದೆ.

ಕೊನೇ ಕಂತು ಕಟ್ಟಿದ ದಿನ ಸಾಲ ಮುಗೀತು ಅನ್ಕೊಂಡು ಸಿಹಿ ಹಂಚಿ ಕೂತ್ಕೋಬೇಡಿ. ಮನೆ ಪತ್ರ ಇನ್ನೂ ಅವರ ಲಾಕರಲ್ಲಿದೆ, ದಾಖಲೆಯಲ್ಲಿ ಅಡಮಾನದ ಹೆಸರು ಇನ್ನೂ ಅವರದ್ದೇ ಇದೆ, ಅದನ್ನ ತೆಗೆಸದೆ ಬಿಟ್ಟು ಹತ್ತು ವರ್ಷ ಆದ್ಮೇಲೆ ಮನೆ ಮಾರೋಕೆ ಹೋದಾಗ ಗೊತ್ತಾಗಿ ಪರದಾಡೋರು ಬೇಕಾದಷ್ಟು ಜನ ಇದ್ದಾರೆ. ಬಾಕಿ ಇಲ್ಲ ಅನ್ನೋ ಪತ್ರ ಕೇಳಿ, ಮೂಲ ದಾಖಲೆಗಳನ್ನ ಪಟ್ಟಿ ಇಟ್ಕೊಂಡು ಒಂದೊಂದಾಗಿ ಎಣಿಸ್ಕೊಳ್ಳಿ, ಅಡಮಾನ ರದ್ದಾಗಿದ್ದು ನೋಂದಣಿ ಆಯ್ತಾ ಅಂತ ಹೋಗಿ ನೋಡಿ. ಭಾರತದಲ್ಲಿ 2023ರ ಡಿಸೆಂಬರ್ 1ರಿಂದ ಒಂದು ನಿಯಮ ಇದೆ, ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ಪತ್ರ ಎಲ್ಲ ವಾಪಸ್ ಕೊಡಬೇಕು, ತಡ ಅವರ ಕಡೆಯಿಂದ ಆದ್ರೆ ದಿನಕ್ಕೆ 5,000 ರೂಪಾಯಿ ಅವರು ನಿಮಗೆ ಕಟ್ಟಿಕೊಡಬೇಕು. ಹಾಗಾಗಿ ಆ ತಾರೀಕು ಬರೆದಿಟ್ಕೊಳ್ಳಿ, 31ನೇ ದಿನದಿಂದ ಮೀಟರ್ ಅವರ ಮೇಲೆ ಓಡತ್ತೆ.